ಬೀಸುವ ಕಲ್ಲಿನ ಕಾಲದ ತಾಯಂದಿರು

ಇಪ್ಪತ್ತನೆಯ ಶತಮಾನದ ಮೊದಲ ಅರ್ಧದಲ್ಲಿ ಕನ್ನಡನಾಡಿನ ಹಳ್ಳಿಗಳಲ್ಲಿ ಬದುಕಿದ್ದ ತಾಯಂದಿರನ್ನು ಕುರಿತ ಬರಹಗಳಲ್ಲಿ ತ್ಯಾಗ, ಸಹನೆ, ಮಮತೆ ಎಂಬ ಮಾತುಗಳು ಧಾರಾಳವಾಗಿ ಸಿಗುತ್ತವೆ. ಆದರೆ ಅವರು ನಸುಕಿನಿಂದ ರಾತ್ರಿಯವರೆಗೆ ಏನೇನು ಮಾಡುತ್ತಿದ್ದರು, ಆ ಕೆಲಸಕ್ಕೆ ಎಷ್ಟು ಕಸುವು ಮತ್ತು ಎಷ್ಟು ತಿಳಿವಳಿಕೆ ಬೇಕಾಗಿತ್ತು, ಅದಕ್ಕಾಗಿ ಅವರ ದೇಹ ಏನನ್ನು ತೆತ್ತಿತು ಎಂಬ ವಿವರ ಅಪರೂಪ. ಸರ್ಕಾರದ ಲೆಕ್ಕದಲ್ಲಂತೂ ಈ ದುಡಿಮೆ ಕೆಲಸವೆಂದೇ ದಾಖಲಾಗಲಿಲ್ಲ. ಸ್ವತಂತ್ರ ಭಾರತದ ಮೊದಲ ಜನಗಣತಿಯಾದ 1951ರ ಗಣತಿಯು ಜನರನ್ನು ಸ್ವಾವಲಂಬಿಗಳು, ಗಳಿಕೆಯುಳ್ಳ ಅವಲಂಬಿತರು, ಗಳಿಕೆಯಿಲ್ಲದ ಅವಲಂಬಿತರು ಎಂದು ಮೂರು ಗುಂಪುಗಳಾಗಿ ವಿಂಗಡಿಸಿದಾಗ, ಕೂಲಿ ಸಂಬಳಗಳಿಲ್ಲದೆ ಮನೆಯನ್ನು ನಡೆಸುತ್ತಿದ್ದ ತಾಯಿ ತನ್ನ ತೊಟ್ಟಿಲ ಕೂಸಿನೊಡನೆ ಮೂರನೆಯ ಗುಂಪಿಗೆ ಸೇರಿದಳು. ಆಕೆಯ ಒಂದು ದಿನವನ್ನು ಬಿಡಿಸಿ ನೋಡಿದರೆ ಈ ವಿಂಗಡಣೆ ಎಷ್ಟು ಅನ್ಯಾಯದ್ದೆಂಬುದು ತಿಳಿಯುತ್ತದೆ.

ಆ ಕಾಲದಲ್ಲಿ ತಾಯ್ತನ ಬಹಳ ಎಳೆಯ ವಯಸ್ಸಿನಲ್ಲಿಯೇ ಬರುತ್ತಿತ್ತು. ಮೈಸೂರು ಸಂಸ್ಥಾನ 1894ರಲ್ಲಿ ಜಾರಿಗೆ ತಂದ ಶಿಶುವಿವಾಹ ತಡೆ ಕಾನೂನು ನಿಷೇಧಿಸಿದ್ದು ಎಂಟು ವರ್ಷ ತುಂಬದ ಹೆಣ್ಣುಮಕ್ಕಳ ಮದುವೆಯನ್ನು, ಹಾಗೆಯೇ ಐವತ್ತು ದಾಟಿದ ಗಂಡಸರು ಹದಿನಾಲ್ಕು ತುಂಬದ ಹುಡುಗಿಯರನ್ನು ಮದುವೆಯಾಗುವುದನ್ನು. ಇಷ್ಟನ್ನು ನಿಷೇಧಿಸುವುದಕ್ಕೂ ಕಾನೂನು ಬೇಕಾಗಿತ್ತೆಂಬುದರಿಂದಲೇ ಅಂದಿನ ರೂಢಿ ಏನಿತ್ತೆಂದು ಊಹಿಸಬಹುದು. ಬ್ರಿಟಿಷ್ ಭಾರತದಲ್ಲಿ 1929ರ ಶಾರದಾ ಕಾಯಿದೆ ಹೆಣ್ಣಿನ ಮದುವೆಯ ವಯಸ್ಸನ್ನು ಹದಿನಾಲ್ಕಕ್ಕೆ ಏರಿಸಿತಾದರೂ ಹಳ್ಳಿಗಳಲ್ಲಿ ಅದರ ಪಾಲನೆ ಬಹಳ ನಿಧಾನವಾಗಿ ಬಂತು. ಬಾಲ್ಯದಲ್ಲಿ ಮದುವೆಯಾಗಿ, ಮೈನೆರೆದ ಮೇಲೆ ಗಂಡನ ಮನೆಗೆ ಬಂದು, ಹದಿನೈದು ಹದಿನಾರರ ಹೊತ್ತಿಗೆ ಚೊಚ್ಚಲ ಹೆರಿಗೆಗೆ ತವರಿಗೆ ಹೋಗುವ ಹುಡುಗಿಗೆ ಓದುಬರಹ ದಕ್ಕುವ ಸಾಧ್ಯತೆಯೇ ಕಡಿಮೆಯಿತ್ತು. ಮೈಸೂರಿನಲ್ಲಿ 1881ರಷ್ಟು ಹಿಂದೆಯೇ ಮಹಾರಾಣಿ ಹೆಣ್ಣುಮಕ್ಕಳ ಶಾಲೆ ತೆರೆದಿದ್ದರೂ, 1951ರಲ್ಲಿ ಇಡೀ ದೇಶದ ಹೆಂಗಸರಲ್ಲಿ ಓದುಬರಹ ಬಲ್ಲವರು ನೂರಕ್ಕೆ ಒಂಬತ್ತು ಮಂದಿಯನ್ನೂ ಮುಟ್ಟಿರಲಿಲ್ಲ. ಆದುದರಿಂದ ಈ ತಾಯಂದಿರು ತಮ್ಮ ದಿನಚರಿಯನ್ನು ಬರೆದಿಡಲಿಲ್ಲ; ಅವರು ಬಿಟ್ಟುಹೋದ ಸಾಕ್ಷ್ಯವೆಲ್ಲ ಅವರ ಹಾಡಿನಲ್ಲಿ, ಅವರು ಬಳಸಿದ ಸಲಕರಣೆಗಳಲ್ಲಿ ಮತ್ತು ಮಕ್ಕಳ ನೆನಪಿನಲ್ಲಿ ಉಳಿದಿದೆ.

ದಿನ ಮೊದಲಾಗುತ್ತಿದ್ದುದು ಬೀಸುವ ಕಲ್ಲಿನಿಂದ. ಹಳೆಯ ಮೈಸೂರಿನ ಕಡೆ ರಾಗಿಕಲ್ಲೆಂದು ಕರೆಯುವ ಈ ಸಾಧನವು ಒಂದರ ಮೇಲೊಂದು ಕೂರುವ ಎರಡು ದುಂಡು ಕಲ್ಲುಗಳ ಜೋಡಿ. ಕೆಳಗಿನ ಕಲ್ಲಿನ ನಡುವಿನ ಗೂಟಕ್ಕೆ ಮೇಲಿನ ಕಲ್ಲು ಕೂರುತ್ತದೆ, ಅದರ ಬಾಯಿಗೆ ಎಡಗೈಯಿಂದ ಹಿಡಿಹಿಡಿಯಾಗಿ ಕಾಳು ಹಾಕುತ್ತ ಬಲಗೈಯಿಂದ ಮರದ ಹಿಡಿಯನ್ನು ಹಿಡಿದು ತಿರುಗಿಸಬೇಕು. ರಾಗಿ ಹಿಟ್ಟನ್ನಾಗಲಿ ಜೋಳದ ಹಿಟ್ಟನ್ನಾಗಲಿ ಬಹಳ ದಿನಗಳಿಗಾಗುವಷ್ಟು ಒಮ್ಮೆಗೇ ಬೀಸಿಡುವುದು ಸಾಧ್ಯವಿರಲಿಲ್ಲ, ಏಕೆಂದರೆ ಹಿಟ್ಟು ಹಳತಾದರೆ ಮುಗ್ಗುತ್ತದೆ, ಜೋಳದ ಹಿಟ್ಟಾದರೆ ಜಿಗಿ ಕಳೆದುಕೊಂಡು ರೊಟ್ಟಿ ತಟ್ಟುವಾಗ ಬಿರಿಯುತ್ತದೆ. ಹೀಗಾಗಿ ಕೋಳಿ ಕೂಗುವ ಹೊತ್ತಿಗೆ ಎದ್ದು, ಕತ್ತಲಲ್ಲಿಯೇ, ಹರಳೆಣ್ಣೆಯ ಹಣತೆಯ ಬೆಳಕಿನಲ್ಲಿ ಅಥವಾ ಅದೂ ಇಲ್ಲದೆ ಕೈಯಂದಾಜಿನಲ್ಲಿ ಬೀಸುವುದು ನಿತ್ಯದ ಕ್ರಮವಾಗಿತ್ತು. ದೊಡ್ಡ ಸಂಸಾರವಾದರೆ ಅತ್ತೆಸೊಸೆಯರೋ ಓರಗಿತ್ತಿಯರೋ ಎದುರುಬದುರು ಕುಳಿತು ಒಂದೇ ಹಿಡಿಗೆ ಕೈಹಾಕುತ್ತಿದ್ದರು. ಒಬ್ಬಂಟಿಯಾದವಳು ಮೊಲೆಯುಣ್ಣುವ ಕೂಸನ್ನು ಚಾಚಿದ ಕಾಲಿನ ಮೇಲೆ ಮಲಗಿಸಿಕೊಂಡೇ ಬೀಸುವುದಿತ್ತು. ನೆಲ್ಲು ಬೆಳೆಯುವ ಮಲೆನಾಡು ಕರಾವಳಿಗಳಲ್ಲಿ ಇದೇ ಜಾಗದಲ್ಲಿ ಒರಳು ಒನಕೆಗಳಿದ್ದವು. ಆಳೆತ್ತರದ ಒನಕೆಯನ್ನು ಎತ್ತಿ ಕುಕ್ಕಿ ಭತ್ತದ ಹೊಟ್ಟು ಬಿಡಿಸಿ, ಮೊರದಲ್ಲಿ ಕೇರಿ, ನುಚ್ಚು ತೌಡುಗಳನ್ನು ಬೇರ್ಪಡಿಸಿದ ಮೇಲಷ್ಟೇ ಅಕ್ಕಿ ಅಡುಗೆಗೆ ಸಿಗುತ್ತಿತ್ತು.

ಕನ್ನಡದ ಜನಪದ ಸಾಹಿತ್ಯದ ಬಹು ದೊಡ್ಡ ಭಾಗ ಹುಟ್ಟಿದ್ದು ಈ ಕಲ್ಲಿನ ಮುಂದೆಯೇ. ಬೀಸುವಾಗ, ಕುಟ್ಟುವಾಗ ಹಾಡುತ್ತಿದ್ದ ಪದಗಳು ಹೆಚ್ಚಾಗಿ ತ್ರಿಪದಿ ಎಂಬ ಮೂರು ಸಾಲಿನ ಛಂದಸ್ಸಿನಲ್ಲಿವೆ. ಅದರ ಲಯ ಕಲ್ಲಿನ ಸುತ್ತಿಗೆ ಹೊಂದಿಕೊಳ್ಳುವುದರಿಂದ ಹಾಡು ದಣಿವನ್ನು ಮರೆಸುವುದರ ಜೊತೆಗೆ ಇಬ್ಬರ ಕೈಗಳನ್ನು ಒಂದೇ ವೇಗದಲ್ಲಿ ಇಡುತ್ತಿತ್ತು. ಈಗಿನ ವಿಜಯಪುರ ಜಿಲ್ಲೆಯ ಹಲಸಂಗಿಯಲ್ಲಿ ಮಧುರಚೆನ್ನ, ಸಿಂಪಿ ಲಿಂಗಣ್ಣ, ಕಾಪಸೆ ರೇವಪ್ಪ ಮೊದಲಾದ ಗೆಳೆಯರು ಹೆಂಗಸರ ಬಾಯಿಂದ ಇಂಥ ಹಾಡುಗಳನ್ನು ಕೇಳಿ ಬರೆದುಕೊಂಡು 1931ರಲ್ಲಿ ‘ಗರತಿಯ ಹಾಡು’ ಎಂಬ ಸಂಕಲನವನ್ನು ಹೊರತಂದ ಬಳಿಕ ಓದುಬಲ್ಲ ಲೋಕಕ್ಕೆ ಇವುಗಳ ಬೆಲೆ ತಿಳಿಯಿತು. ತವರಿನ ಹಂಬಲ, ತೊಟ್ಟಿಲ ಕೂಸಿನ ಅಂದಚಂದ, ಅತ್ತೆಯ ಮನೆಯ ಬಿಗುವು, ಅಣ್ಣತಮ್ಮಂದಿರ ಮೇಲಿನ ಅಭಿಮಾನ, ಮಕ್ಕಳಿಲ್ಲದವಳ ಸಂಕಟ ಇವೆಲ್ಲ ಅಲ್ಲಿ ನೇರವಾಗಿ, ಯಾವ ಮುಚ್ಚುಮರೆಯೂ ಇಲ್ಲದೆ ಬರುತ್ತವೆ. ಹಗಲಿನಲ್ಲಿ ಹಿರಿಯರೆದುರು ಆಡಲಾಗದ ಮಾತನ್ನು ನಸುಕಿನ ಕಲ್ಲಿನ ಮುಂದೆ ಹಾಡಿ ಹೇಳುವ ಸ್ವಾತಂತ್ರ್ಯ ಆ ಹೆಂಗಸರಿಗಿತ್ತು. ಇಷ್ಟು ಹಾಡುಗಳಲ್ಲಿ ಒಂದಕ್ಕೂ ಕಟ್ಟಿದವಳ ಹೆಸರು ಉಳಿದಿಲ್ಲವೆಂಬುದು ಕನ್ನಡ ಸಾಹಿತ್ಯ ಚರಿತ್ರೆ ತೀರಿಸಲಾಗದ ಸಾಲ.

ಬೀಸುವುದು ಮುಗಿದ ಮೇಲೆ ನೀರು, ಸಗಣಿ, ಸೌದೆಗಳ ಸರದಿ. ಬಾವಿಯೋ ಕೆರೆಯೋ ಊರ ಹೊರಗಿನ ಹಳ್ಳದ ವರತೆಯೋ, ಅಂದರೆ ಮರಳನ್ನು ತೋಡಿ ಒಸರು ನೀರನ್ನು ತುಂಬಿಕೊಳ್ಳುವ ಗುಂಡಿಯೋ, ಎಲ್ಲಿಂದಾದರೂ ತಲೆಯ ಮೇಲೆ ಬಟ್ಟೆಯ ಸಿಂಬಿಯಿಟ್ಟು ಕೊಡಗಳನ್ನು ಹೊತ್ತು ತರಬೇಕಾಗಿತ್ತು. ಬೇಸಿಗೆಯಲ್ಲಿ ವರತೆಯಲ್ಲಿ ನೀರು ಊರುವವರೆಗೆ ಕಾಯಬೇಕಾಗಿದ್ದುದರಿಂದ ಒಂದು ಕೊಡಕ್ಕೆ ಹಿಡಿಯುವ ಹೊತ್ತು ಎರಡು ಮೂರು ಪಾಲು ಹೆಚ್ಚುತ್ತಿತ್ತು. ಮುಟ್ಟಬಾರದವರೆಂದು ದೂರವಿಡಲ್ಪಟ್ಟ ಕೇರಿಯ ತಾಯಿಗೆ ಊರ ಬಾವಿಯ ಹಗ್ಗ ಹಿಡಿಯುವ ಹಕ್ಕೂ ಇಲ್ಲದೆ, ಮೇಲ್ಜಾತಿಯವರು ಯಾರಾದರೂ ಬಂದು ಸೇದಿ ಹಾಕುವವರೆಗೆ ಕೊಡವನ್ನಿಟ್ಟುಕೊಂಡು ದೂರ ನಿಂತಿರಬೇಕಾಗುತ್ತಿತ್ತೆಂಬುದನ್ನು ಹೇಳದೆ ನೀರಿನ ಮಾತನ್ನು ಮುಗಿಸಲಾಗದು. ಕೊಟ್ಟಿಗೆಯ ಸಗಣಿಯನ್ನು ಬಾಚಿ, ಬೆರಣಿ ತಟ್ಟಿ ಒಣಗಿಸಿ, ಮಳೆಗಾಲಕ್ಕೆ ಒಟ್ಟಿಡುವುದೂ, ಅಂಗಳ ಸಾರಿಸಿ ರಂಗೋಲಿ ಇಡುವುದೂ, ಕಾಡುಗುಡ್ಡಗಳಿಂದ ಸೌದೆಯ ಹೊರೆ ತರುವುದೂ ಹೆಂಗಸರ ಪಾಲಿಗೇ ಬಿದ್ದಿದ್ದವು. ಒಲೆಯ ಹೊಗೆ ಹೋಗಲು ಚಾವಣಿಯ ಗವಾಕ್ಷಿಯೊಂದೇ ದಾರಿ; ನಡುವಯಸ್ಸು ದಾಟುವ ಮೊದಲೇ ಕಣ್ಣಿನಲ್ಲಿ ನೀರು ಸುರಿಯುವುದು, ಕೆಮ್ಮು ಕಟ್ಟಿಕೊಳ್ಳುವುದು ಆ ಪೀಳಿಗೆಯ ಹೆಂಗಸರಲ್ಲಿ ಸಾಮಾನ್ಯವಾಗಿತ್ತು.

ತಾಯಿ ಎಂದರೆ ಮನೆಯೊಳಗಿನವಳು ಎಂಬ ಕಲ್ಪನೆ ಉಳ್ಳವರ ಮನೆಗಳಿಗೆ ಮಾತ್ರ ಸಲ್ಲುವಂಥದು. ಒಕ್ಕಲುತನದ ಮನೆಗಳಲ್ಲಿ ನಾಟಿ, ಕಳೆ, ಕೊಯ್ಲು ಮೂರೂ ಹೆಂಗಸರ ಕೈಯ ಕೆಲಸಗಳಾಗಿದ್ದವು. ಹೆರಿಗೆಯಾದ ಕೆಲವೇ ವಾರಗಳಲ್ಲಿ ಹೊಲಕ್ಕಿಳಿದ ಕೂಲಿಕಾರ್ತಿ ಹಳೆಯ ಸೀರೆಯನ್ನು ಬೇವಿನದೋ ಜಾಲಿಯದೋ ಕೊಂಬೆಗೆ ಜೋಲಿ ಕಟ್ಟಿ, ಕೂಸನ್ನು ಅದರಲ್ಲಿ ಮಲಗಿಸಿ, ಅಳು ಕೇಳಿದಾಗ ಸಾಲು ಬಿಟ್ಟು ಬಂದು ಹಾಲೂಡಿಸಿ ಮತ್ತೆ ಸಾಲಿಗೆ ಸೇರಿಕೊಳ್ಳುತ್ತಿದ್ದಳು. ಕೋಲಾರ, ಚನ್ನಪಟ್ಟಣಗಳ ಸುತ್ತಿನ ರೇಷ್ಮೆ ಸೀಮೆಯಲ್ಲಿ ಮನೆಯ ನಡುಕೋಣೆಯೇ ಹುಳುಮನೆಯಾಗಿ, ಹಗಲಿರುಳೆನ್ನದೆ ಹೊತ್ತುಹೊತ್ತಿಗೆ ಹಿಪ್ಪುನೇರಳೆ ಸೊಪ್ಪನ್ನು ಹಾಕಿ, ಹುಳು ಹಣ್ಣಾದಾಗ, ಅಂದರೆ ಗೂಡು ಕಟ್ಟಲು ಅಣಿಯಾದಾಗ, ಒಂದೊಂದನ್ನೇ ಆಯ್ದು ಚಂದ್ರಿಕೆ ಎಂಬ ಬಿದಿರಿನ ತಟ್ಟಿಗೆ ಬಿಡುವ ಸೂಕ್ಷ್ಮ ಕೆಲಸ ಮಕ್ಕಳ ಲಾಲನೆಯೊಡನೆ ಕೂಡಿಯೇ ನಡೆಯುತ್ತಿತ್ತು. ಇಳಕಲ್ಲು, ಗುಳೇದಗುಡ್ಡಗಳ ನೇಕಾರರ ಮನೆಗಳಲ್ಲಿ ಮಗ್ಗದ ಮೇಲೆ ಕೂರುವವನಿಗೆ ಲಾಳಿಯ ನೂಲನ್ನು ಒದಗಿಸಲು ದಿನವಿಡೀ ಕಂಡಿಕೆ ಸುತ್ತುತ್ತಿದ್ದವಳು ಮನೆಯೊಡತಿಯೇ. ಸೀರೆ ಮಾರಿದ ಹಣ ಮಾತ್ರ ನೇಕಾರನ ಗಳಿಕೆಯೆಂದು ಎಣಿಕೆಯಾಗುತ್ತಿತ್ತು.

ಇವೆಲ್ಲ ದೈಹಿಕ ದುಡಿಮೆಯ ಮಾತಾದರೆ, ಹೊರಗಣ್ಣಿಗೆ ಕಾಣದ ಇನ್ನೊಂದು ಬಗೆಯ ಕೆಲಸವಿತ್ತು. ಸುಗ್ಗಿಯಲ್ಲಿ ಒಮ್ಮೆ ಮನೆಗೆ ಬಂದ ದವಸವನ್ನು ಮುಂದಿನ ಸುಗ್ಗಿಯವರೆಗೆ ತೂಗಿಸುವ ಹೊಣೆ ಗೃಹಿಣಿಯದು. ವಾಡೆ ಎಂಬ ಆಳೆತ್ತರದ ಮಣ್ಣಿನ ಗುಡಾಣಗಳಲ್ಲಿ ದಿನಬಳಕೆಯ ಕಾಳನ್ನಿಟ್ಟು, ಹಗೇವು ಎಂಬ ನೆಲದೊಳಗಿನ ಕಣಜದಲ್ಲಿನ ರಾಗಿಯನ್ನು ಯಾವಾಗ ತೆಗೆಸಬೇಕು, ಎಷ್ಟನ್ನು ಕೂಲಿಗೆ ಕೊಡಬೇಕು, ಎಷ್ಟನ್ನು ಹಬ್ಬಕ್ಕೂ ಬರುವ ನೆಂಟರಿಗೂ ಕಾದಿಡಬೇಕು ಎಂಬ ಲೆಕ್ಕವನ್ನು ಅಕ್ಷರವರಿಯದ ತಾಯಂದಿರು ಸೇರು, ಬಳ್ಳ, ಕೊಳಗಗಳ ಅಳತೆಯಲ್ಲಿ ತಲೆಯಲ್ಲಿಯೇ ಇಟ್ಟುಕೊಂಡಿದ್ದರು. ಬಿತ್ತನೆಯ ಬೀಜದ ಕಾವಲೂ ಅವರದೇ. ರಾಗಿಯ ನಡುನಡುವೆ ಅವರೆ, ತೊಗರಿ, ಹುಚ್ಚೆಳ್ಳುಗಳನ್ನು ಬಿತ್ತುವ ಅಕ್ಕಡಿ ಸಾಲುಗಳಿಗೆ ಬೇಕಾದ ಕಾಳುಗಳನ್ನು ದಪ್ಪ ತೆನೆ, ತುಂಬುಗಾಯಿಗಳಿಂದ ಆರಿಸಿ, ಬಿಸಿಲಿಗೆ ಒಣಗಿಸಿ, ಬೂದಿ ಬೆರೆಸಿ, ಬೇವಿನೆಲೆಯೊಡನೆ ಮಡಕೆಯಲ್ಲಿ ಮುಚ್ಚಿಡುತ್ತಿದ್ದರು. ಬೂದಿಯ ನುಣುಪಾದ ಪುಡಿ ಕಾಳುಗಳ ನಡುವಣ ಸಂದನ್ನು ತುಂಬಿ ಹುಳುವಿನ ಓಡಾಟವನ್ನು ತಡೆಯುತ್ತದೆ, ಅದರ ಮೈಯ ತೇವವನ್ನೂ ಹೀರುತ್ತದೆ. ಬೇಸಿಗೆಯ ಬಿಸಿಲಿನಲ್ಲಿ ಹಪ್ಪಳ, ಸಂಡಿಗೆ, ಉಪ್ಪಿನಕಾಯಿ, ಹುಣಸೆಹಣ್ಣುಗಳನ್ನು ವರ್ಷಕ್ಕಾಗುವಷ್ಟು ಅಣಿಮಾಡುವುದೂ, ಉತ್ತರ ಕರ್ನಾಟಕದಲ್ಲಿ ಹರಿದ ಸೀರೆಗಳನ್ನು ಪದರಪದರವಾಗಿ ಹೊಲಿದು ಕೌದಿ ಮಾಡಿ ಚಳಿಗಾಲಕ್ಕೆ ಮಕ್ಕಳಿಗೆ ಹೊದಿಸುವುದೂ ಇದೇ ಮುಂದಾಲೋಚನೆಯ ಭಾಗ. ಇದನ್ನು ಆಡಳಿತವೆಂದು ಕರೆಯದಿದ್ದರೆ ಆ ಪದಕ್ಕೆ ಅರ್ಥವಿಲ್ಲ.

ಈ ದುಡಿಮೆಯ ನಡುವೆಯೇ ಬಸಿರು, ಹೆರಿಗೆ, ಬಾಣಂತನಗಳು ಮತ್ತೆ ಮತ್ತೆ ಬರುತ್ತಿದ್ದವು. ಒಬ್ಬ ಹೆಂಗಸು ಸರಾಸರಿ ಆರರ ಆಸುಪಾಸಿನಷ್ಟು ಮಕ್ಕಳನ್ನು ಹೆರುತ್ತಿದ್ದ ಕಾಲವದು. ಏಳನೆಯ ತಿಂಗಳ ಸುಮಾರಿಗೆ ಹೊಸ ರವಿಕೆಬಟ್ಟೆ ಕೊಟ್ಟು ಹಸಿರು ಬಳೆ ತೊಡಿಸಿ, ಬಯಕೆಯ ಊಟ ಬಡಿಸುವ ಕುಬಸ ಅಥವಾ ಸೀಮಂತದ ಸಂಭ್ರಮದ ಹಿಂದೆ ಒಂದು ಭಯವೂ ಇತ್ತು. ಹೆರಿಗೆ ಮಾಡಿಸುತ್ತಿದ್ದವಳು ಸೂಲಗಿತ್ತಿ; ಶಾಲೆಯಲ್ಲಿ ಕಲಿಯದೆ, ಹಿರಿಯ ಸೂಲಗಿತ್ತಿಯ ಜೊತೆ ಓಡಾಡಿ, ಕೈಯ ಸ್ಪರ್ಶದಿಂದಲೇ ಮಗುವಿನ ತಲೆ ಎತ್ತ ಇದೆ, ಹೆರಿಗೆಗೆ ಎಷ್ಟು ಹೊತ್ತಿದೆ ಎಂದು ತಿಳಿಯಬಲ್ಲವಳು. ತುಮಕೂರು ಜಿಲ್ಲೆಯ ಪಾವಗಡ ತಾಲ್ಲೂಕಿನ ಕೃಷ್ಣಾಪುರದ ಸೂಲಗಿತ್ತಿ ನರಸಮ್ಮನವರು ಅಜ್ಜಿಯಿಂದ ಕಲಿತ ಈ ವಿದ್ಯೆಯಿಂದ, 1940ರಿಂದ ಮೊದಲ್ಗೊಂಡು, ಕೂಲಿ ಕೇಳದೆ 15,000ಕ್ಕೂ ಹೆಚ್ಚು ಹೆರಿಗೆಗಳನ್ನು ಮಾಡಿಸಿದರೆಂದು ದಾಖಲಾಗಿದೆ. ಅವರಿಗೆ 2018ರಲ್ಲಿ ಪದ್ಮಶ್ರೀ ಸಂದಿತು, ಅದೇ ವರ್ಷದ ಡಿಸೆಂಬರ್‌ನಲ್ಲಿ ಅವರು ತೀರಿಕೊಂಡರು. ಸ್ವತಃ ನರಸಮ್ಮನವರು ಹನ್ನೆರಡು ಮಕ್ಕಳನ್ನು ಹೆತ್ತು, ನಾಲ್ವರನ್ನು ಎಳವೆಯಲ್ಲಿಯೇ ಕಳೆದುಕೊಂಡಿದ್ದರು. ಅಷ್ಟು ಮನೆಗಳ ಹೆರಿಗೆಯನ್ನು ಸುಸೂತ್ರವಾಗಿಸಿದ ತಾಯಿಯ ಸಂಸಾರದಲ್ಲೇ ಹೀಗಾಗಿದ್ದಾಗ ಉಳಿದವರ ಸ್ಥಿತಿಯನ್ನು ವಿವರಿಸಬೇಕಾಗಿಲ್ಲ.

ದೇಶದ ಆರೋಗ್ಯ ಸ್ಥಿತಿಯ ಪರಿಶೀಲನೆಗೆಂದು 1943ರಲ್ಲಿ ನೇಮಕವಾದ ಭೋರ್ ಸಮಿತಿ 1946ರಲ್ಲಿ ಕೊಟ್ಟ ವರದಿಯ ಅಂಕಿಗಳು ಇಂದಿಗೂ ಮನಸ್ಸನ್ನು ಕಲಕುತ್ತವೆ. ಬ್ರಿಟಿಷ್ ಭಾರತದಲ್ಲಿ ಬಸಿರು ಹೆರಿಗೆಗಳ ಕಾರಣದಿಂದ ವರ್ಷಕ್ಕೆ ಸುಮಾರು 2,00,000 ಹೆಂಗಸರು ಸಾಯುತ್ತಿದ್ದಾರೆಂದು, ಅಂದರೆ ಪ್ರತಿ 1,000 ಜನನಗಳಿಗೆ ಸುಮಾರು 20 ತಾಯಂದಿರು ಇಲ್ಲವಾಗುತ್ತಿದ್ದಾರೆಂದು ಅದು ಅಂದಾಜು ಮಾಡಿತು. 1937ರಲ್ಲಿ ಹುಟ್ಟಿದ 1,000 ಕೂಸುಗಳಲ್ಲಿ 162 ವರ್ಷ ತುಂಬುವ ಮೊದಲೇ ಸತ್ತಿದ್ದವು. ಹುಟ್ಟಿದ ಮಕ್ಕಳನ್ನೆಲ್ಲ ಉಳಿಸಿಕೊಂಡ ತಾಯಿ ಅಂದು ಅಪರೂಪದವಳು. ಎರಡು ಮೂರು ಕೂಸುಗಳನ್ನು ಮಣ್ಣಿಗಿಟ್ಟವಳು ಮುಂದಿನ ಕೂಸನ್ನು ತಿಪ್ಪೆಯ ಮೇಲೆ ಉರುಳಿಸಿ ತಿಪ್ಪಯ್ಯನೆಂದೋ ತಿಪ್ಪಮ್ಮನೆಂದೋ ಹೆಸರಿಡುತ್ತಿದ್ದುದು ಮಗು ಯಾರಿಗೂ ಬೇಡವಾದದ್ದೆಂದು ಸಾವಿಗೆ ತೋರಿಸಿ, ಹೇಗಾದರೂ ಉಳಿಸಿಕೊಳ್ಳುವ ಆಸೆಯಿಂದ. ಉತ್ತರ ಕರ್ನಾಟಕದಲ್ಲಿ ಹೆರಿಗೆಯಾದ ಐದನೆಯ ದಿನದ ಸುಮಾರಿಗೆ ಶೆಟಿವಿ ಎಂಬ ದೇವಿಯನ್ನು ಪೂಜಿಸುವ ರೂಢಿಯಿದ್ದು, ಆ ರಾತ್ರಿ ಆಕೆ ಬಂದು ಕೂಸಿನ ಹಣೆಬರಹವನ್ನು ಬರೆದುಹೋಗುತ್ತಾಳೆಂದು ನಂಬುತ್ತಿದ್ದರು. ಕೂಸುಗಳಿಗೆ ಹುಟ್ಟಿದ ಮೊದಲ ವಾರವೇ ಅತ್ಯಂತ ಅಪಾಯದ್ದೆಂಬ ಅನುಭವ ಈ ಆಚರಣೆಯ ಒಳಗಿದೆ.

ಬಾಣಂತನದ ಪದ್ಧತಿಯನ್ನು ಪೂರ್ತಿಯಾಗಿ ಹೊಗಳುವುದೂ ಪೂರ್ತಿಯಾಗಿ ತೆಗೆದುಹಾಕುವುದೂ ಸರಿಯಲ್ಲ. ಚೊಚ್ಚಲ ಬಾಣಂತಿಯನ್ನು ತವರಿನಲ್ಲಿ ತಿಂಗಳುಗಟ್ಟಲೆ ಉಳಿಸಿಕೊಂಡು, ಎಣ್ಣೆ ನೀರು ಹಾಕಿ, ಕೊಬ್ಬರಿ, ಬೆಲ್ಲ, ಗೋಂದು, ತುಪ್ಪಗಳ ಅಂಟಿನುಂಡೆ, ಮೆಂತ್ಯ, ಬೆಳ್ಳುಳ್ಳಿ, ಮೆಣಸಿನ ಸಾರನ್ನು ಕೊಡುತ್ತಿದ್ದುದು, ವರ್ಷವಿಡೀ ಎಲ್ಲರ ಊಟವಾದ ಮೇಲೆ ಉಳಿದುದನ್ನು ಉಣ್ಣುತ್ತಿದ್ದ ಹೆಣ್ಣಿನ ಬಾಳಿನಲ್ಲಿ ತನಗೆಂದೇ ಅಡುಗೆಯಾಗುತ್ತಿದ್ದ ಮತ್ತು ದುಡಿಮೆಯಿಂದ ಬಿಡುವು ದೊರೆಯುತ್ತಿದ್ದ ಏಕೈಕ ಅವಧಿ. ಆದರೆ ಅದೇ ಕೋಣೆಯ ಕಿಟಕಿ ಮುಚ್ಚಿ ಕೆಂಡದ ಹೊಗೆ ತುಂಬುವುದು, ಬಾಯಾರಿದ ಬಾಣಂತಿಗೆ ನೀರನ್ನು ಅಳೆದು ಕೊಡುವುದು, ಮೊದಲ ಹಳದಿ ಹಾಲನ್ನು ಕೆಟ್ಟದ್ದೆಂದು ಹಿಂಡಿ ಚೆಲ್ಲುವುದು, ಕುಡುಗೋಲಿನಂಥ ಕೊಳೆಯಾದ ಸಾಧನದಿಂದ ಹೊಕ್ಕುಳಬಳ್ಳಿಯನ್ನು ಕೊಯ್ಯುವುದು ಇವೂ ಇದ್ದವು. ಇವುಗಳಲ್ಲಿ ಕೊನೆಯದರಿಂದ ಬರುತ್ತಿದ್ದ ಧನುರ್ವಾಯು ಅದೆಷ್ಟೋ ಕೂಸುಗಳನ್ನು ಮೊದಲ ಹತ್ತು ದಿನಗಳಲ್ಲಿಯೇ ಬಲಿ ತೆಗೆದುಕೊಂಡಿತು.

ಇದಕ್ಕೆ ಎದುರಾಗಿ, ತಾಯಂದಿರ ಅನುಭವದ ತಿಳಿವಳಿಕೆಯನ್ನು ಇಂದಿನ ಆಹಾರ ವಿಜ್ಞಾನ ಸಂಪೂರ್ಣವಾಗಿ ಒಪ್ಪುವ ಉದಾಹರಣೆಯೆಂದರೆ ರಾಗಿ ಸರಿ. ರಾಗಿಯನ್ನು ನೆನೆಸಿ, ಬಟ್ಟೆಯಲ್ಲಿ ಕಟ್ಟಿ ಮೊಳಕೆ ಬರಿಸಿ, ನೆರಳಿನಲ್ಲಿ ಒಣಗಿಸಿ, ಮೊಳಕೆಯನ್ನು ಉಜ್ಜಿ ತೆಗೆದು, ಬೀಸಿ, ತೆಳುಬಟ್ಟೆಯಲ್ಲಿ ಸೋಸಿದ ಈ ಹಿಟ್ಟನ್ನು ಕಾಸಿ ಹಾಲು ಬಿಡಿಸುವ ವಯಸ್ಸಿನ ಕೂಸುಗಳಿಗೆ ಉಣಿಸುತ್ತಿದ್ದರು. ಕಾಳು ಮೊಳೆಯುವಾಗ ಅಮೈಲೇಸ್ ಎಂಬ ಕಿಣ್ವ ಹುಟ್ಟಿ ಪಿಷ್ಟವನ್ನು ಒಡೆಯುವುದರಿಂದ ಗಂಜಿ ಗಟ್ಟಿಯಾಗದೆ ತೆಳುವಾಗಿಯೇ ಉಳಿಯುತ್ತದೆ. ಹೀಗಾಗಿ ಒಂದೇ ಬಟ್ಟಲಿಗೆ ಹೆಚ್ಚು ಹಿಟ್ಟು ಹಿಡಿದು, ಹೆಚ್ಚು ನುಂಗಲಾರದ ಪುಟ್ಟ ಹೊಟ್ಟೆಗೆ ಹೆಚ್ಚು ಶಕ್ತಿ ಸೇರುತ್ತದೆ. ಕಾಳಿನಲ್ಲಿರುವ ಕಬ್ಬಿಣದಂಶವನ್ನು ಹಿಡಿದಿಟ್ಟುಕೊಳ್ಳುವ ಫೈಟೇಟ್ ಎಂಬ ಅಂಶವೂ ಮೊಳಕೆಯಿಂದ ತಗ್ಗುತ್ತದೆ. 100 ಗ್ರಾಂ ರಾಗಿಯಲ್ಲಿ ಸುಮಾರು 350 ಮಿಲಿಗ್ರಾಂನಷ್ಟು ಸುಣ್ಣದಂಶವಿದ್ದು, ಬೇರೆ ಯಾವ ಸಾಮಾನ್ಯ ಧಾನ್ಯವೂ ಇದರ ಹತ್ತಿರ ಬರುವುದಿಲ್ಲ. ಈ ಕ್ರಮವನ್ನು ಯಾವ ಪ್ರಯೋಗಾಲಯವೂ ಹೇಳಿಕೊಡಲಿಲ್ಲ. ತಲೆಮಾರುಗಳ ತಾಯಂದಿರು ಯಾವ ಕೂಸಿಗೆ ಏನು ಒಗ್ಗಿತು, ಏನು ಒಗ್ಗಲಿಲ್ಲವೆಂದು ನೋಡಿ ನೋಡಿ ಕಟ್ಟಿದ ವಿದ್ಯೆ ಇದು.

ಸರ್ಕಾರದ ನೆರವು ಪಟ್ಟಣಗಳಿಗೆ ಮೊದಲು ತಲುಪಿತು. ಮೈಸೂರು ಸಂಸ್ಥಾನ 1930ರಲ್ಲಿ, ಜಗತ್ತಿನ ಅನೇಕ ದೇಶಗಳು ಈ ವಿಷಯವನ್ನು ಮಾತನಾಡಲೂ ಹಿಂಜರಿಯುತ್ತಿದ್ದಾಗ, ಸಂತಾನ ನಿಯಂತ್ರಣದ ಸರ್ಕಾರಿ ಚಿಕಿತ್ಸಾಲಯಗಳನ್ನು ತೆರೆಯಿತು. ಬೆಂಗಳೂರಿನ ವಾಣಿವಿಲಾಸ ಆಸ್ಪತ್ರೆ 1935ರಲ್ಲಿ ಆರಂಭವಾಯಿತು. ಹೆಂಗಸರಿಗೆ ಕುಟುಂಬದ ಆಸ್ತಿಯಲ್ಲಿ ಕೆಲವು ಹಕ್ಕುಗಳನ್ನು ಕೊಟ್ಟ ಸಂಸ್ಥಾನದ ಕಾನೂನು ಬಂದದ್ದು 1933ರಲ್ಲಿ. ಕರಾವಳಿಯ ಅಳಿಯಸಂತಾನದ ಮನೆತನಗಳ ತಾಯಂದಿರಿಗೆ ಇಂಥ ಕಾನೂನಿನ ಅಗತ್ಯ ಅಷ್ಟಾಗಿರಲಿಲ್ಲ, ಏಕೆಂದರೆ ಅಲ್ಲಿ ಆಸ್ತಿ ಹೆಣ್ಣಿನ ಸಂತತಿಯಲ್ಲಿಯೇ ಇಳಿದುಬರುತ್ತಿತ್ತು. ಮಗಳು ತನ್ನ ತಾಯಿಮನೆಯ ಹಕ್ಕಿನವಳಾಗಿಯೇ ಉಳಿಯುತ್ತಿದ್ದಳು. ಒಳನಾಡಿನ ವಿಧವೆ ತಾಯಿಯ ಪಾಡಿನೊಡನೆ ಇದನ್ನು ಹೋಲಿಸಿದರೆ ವ್ಯತ್ಯಾಸ ದೊಡ್ಡದು. ಮೇಲ್ಜಾತಿಯ ಮನೆಗಳಲ್ಲಿ ಗಂಡ ಸತ್ತವಳು ಎಳೆಯ ಮಕ್ಕಳೊಡನೆ ಮೈದುನರ ಹಂಗಿನಲ್ಲಿ ಉಳಿದು, ತಲೆ ಬೋಳಿಸಿಕೊಂಡು, ಶುಭಕಾರ್ಯಗಳಿಂದ ದೂರವಿದ್ದು, ಅಡುಗೆಮನೆಯ ಭಾರವನ್ನು ಮಾತ್ರ ಪೂರ್ತಿಯಾಗಿ ಹೊರಬೇಕಾಗಿತ್ತು. ಬಾಲ್ಯದಲ್ಲೇ ವಿಧವೆಯಾದ ನಂಜನಗೂಡು ತಿರುಮಲಾಂಬ ‘ಸತೀಹಿತೈಷಿಣಿ’ ಗ್ರಂಥಮಾಲೆಯನ್ನೂ ‘ಕರ್ನಾಟಕ ನಂದಿನಿ’ ಪತ್ರಿಕೆಯನ್ನೂ, ಆರ್. ಕಲ್ಯಾಣಮ್ಮ 1921ರಿಂದ ‘ಸರಸ್ವತಿ’ ಪತ್ರಿಕೆಯನ್ನೂ ನಡೆಸಿ ಹೆಂಗಸರ ಮನೆಬಾಳನ್ನು ಅಚ್ಚಿನ ವಿಷಯವಾಗಿಸಿದ್ದು ಈ ಹಿನ್ನೆಲೆಯಲ್ಲಿ ಎಷ್ಟು ಧೈರ್ಯದ ಕೆಲಸವೆಂಬುದು ಅರಿವಾಗುತ್ತದೆ.

ಹಳ್ಳಿಯ ತಾಯಿಯ ದಿನಚರಿಯನ್ನು ನಿಜವಾಗಿ ಬದಲಿಸಿದ್ದು ಹಿಟ್ಟಿನ ಗಿರಣಿ. ಮೊದಲು ಪಟ್ಟಣಗಳಿಗೂ ಹೋಬಳಿಗಳಿಗೂ, ಕ್ರಮೇಣ ಹಳ್ಳಿಗಳಿಗೂ ಗಿರಣಿಗಳು ಬಂದ ಮೇಲೆ ಹೆಂಗಸರಿಗೆ ನಸುಕಿನ ನಿದ್ದೆ ದೊರೆಯಿತು, ತ್ರಿಪದಿಗಳನ್ನು ಹಾಡುವ ಸಂದರ್ಭ ಇಲ್ಲವಾಯಿತು. ಹಾಡು ಹೋಯಿತೆಂದು ಮರುಗುವವರು ರಟ್ಟೆಯ ನೋವು ಹೋದದ್ದನ್ನೂ ಜೊತೆಯಲ್ಲಿಯೇ ನೆನೆಯಬೇಕು. ನೀರು ಸೌದೆಗಳ ಹೊರೆ ಮಾತ್ರ ಇನ್ನೂ ಬಹುಕಾಲ ತಲೆಯಿಂದ ಇಳಿಯಲಿಲ್ಲ. 1970ರ ದಶಕದ ಕೊನೆಯಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಅಸ್ತ್ರ ತಂಡವು ಕುಣಿಗಲ್ ತಾಲ್ಲೂಕಿನ ಹಳ್ಳಿಗಳಲ್ಲಿ ಶಕ್ತಿಯ ಬಳಕೆಯನ್ನು ಅಳೆದಾಗ, ಅಲ್ಲಿ ವ್ಯಯವಾಗುತ್ತಿದ್ದ ಮನುಷ್ಯ ಶ್ರಮದಲ್ಲಿ ಅರ್ಧಕ್ಕಿಂತ ಹೆಚ್ಚು ಪಾಲು ಹೆಂಗಸರದೆಂದು ಕಂಡುಬಂತು. ಹೊಗೆಯನ್ನು ಕೊಳವೆಯ ಮೂಲಕ ಹೊರಗೆ ಕಳಿಸಿ ಸೌದೆಯನ್ನು ಉಳಿಸುವ ಅಸ್ತ್ರ ಒಲೆ ರೂಪುಗೊಂಡದ್ದು ಅದೇ ತಂಡದ ಕೆಲಸದಿಂದ.

ರಾಮನಗರದ ಜಾನಪದ ಲೋಕದಲ್ಲಿ, ಮೈಸೂರಿನ ಜಯಲಕ್ಷ್ಮೀ ವಿಲಾಸದ ಜಾನಪದ ವಸ್ತುಸಂಗ್ರಹಾಲಯದಲ್ಲಿ ಬೀಸುವ ಕಲ್ಲು, ಒನಕೆ, ಕಡಗೋಲು, ತೊಟ್ಟಿಲುಗಳನ್ನು ಜೋಪಾನವಾಗಿ ಇಡಲಾಗಿದೆ. ಅವುಗಳನ್ನು ಕೈಯಾರೆ ಬಳಸಿದ ತಾಯಂದಿರು ಈಗ ಎಂಬತ್ತು ದಾಟಿದ್ದಾರೆ. ಒಂದು ಸೇರು ರಾಗಿ ಬೀಸಲು ಎಷ್ಟು ಹೊತ್ತು ಹಿಡಿಯುತ್ತಿತ್ತು, ಬಾವಿಗೆ ದಿನಕ್ಕೆ ಎಷ್ಟು ಸಲ ಹೋಗಬೇಕಾಗಿತ್ತು, ಎಷ್ಟು ಮಕ್ಕಳು ಹುಟ್ಟಿ ಎಷ್ಟು ಉಳಿದವು, ಯಾವ ಕಾಯಿಲೆಗೆ ಯಾವ ಕಷಾಯ, ಯಾವ ಕಾಳನ್ನು ಹೇಗೆ ಕಾಪಿಡುತ್ತಿದ್ದರು ಎಂಬುದನ್ನು ಅಂಥ ಹಿರಿಯರಿರುವ ಮನೆಯವರು ಕೇಳಿ, ಅವರ ಹೆಸರು ಮತ್ತು ಊರಿನೊಡನೆ ಬರೆದಿಡಬೇಕು. ಊರಿನ ಚರಿತ್ರೆಯನ್ನು ಬರೆಯುವವರು ದೇವಸ್ಥಾನ, ವೀರಗಲ್ಲುಗಳಿಗೆ ಕೊಡುವಷ್ಟೇ ಪುಟಗಳನ್ನು ಈ ವಿವರಗಳಿಗೂ ಕೊಡಬೇಕು.